ನನ್ನ ಲೋಕದ ಮೂಕಮಡು: ಆಟಗಾರರು ಪರೀಕ್ಷೆ ಮಾಡಲು ನಿಂತರೆ ಭಯ ಉಳಿಸಿಕೊಳ್ಳುವುದು ಹೇಗೆ?

ಹಳೇನಕ್ಷೆ:

ಪ್ರಶ್ನೆ ಉದ್ದ ಇದೆ, ಮೊದಲೇ ಹೇಳಿಬಿಡುತ್ತೇನೆ.

ಭಾನುವಾರ ಸಂಜೆ ಗೆಳೆಯರಿಗೆ ರೋಲ್‌ಪ್ಲೇ ಆಟ ನಡೆಸುವ ಗೇಮ್ ಮಾಸ್ಟರ್ ನಾನು. ಅಂದರೆ ಕಥೆ, ಲೋಕ ನನ್ನದು, ಗೆಳೆಯರು ಒಬ್ಬೊಬ್ಬರೂ ಒಂದೊಂದು ಪಾತ್ರವಾಗಿ ಏನು ಮಾಡುತ್ತೇವೆ ಅಂತ ಹೇಳುತ್ತಾರೆ, ಏನಾಯಿತು ಅಂತ ನಾನು ಹೇಳುತ್ತೇನೆ. ಲೋಕ ಪೂರ್ತಿ ನನ್ನ ಕಲ್ಪನೆಯದು. ಅದರಲ್ಲಿ ಹೊಗರುಸೀಮೆ ಅಂತ ಒಂದು ಕಣಿವೆನಾಡು, ಕಣಿವೆಯ ತಲೆಗೆ ಬೋಳುಗುಡ್ಡ. ಗುಡ್ಡದ ನೆತ್ತಿ ಎಂದೋ ಒಳಕ್ಕೆ ಕುಸಿದು ದುಂಡನೆಯ ಹಳ್ಳವಾಗಿದೆ. ಸುತ್ತ ಕಡಿದಾದ ಗೋಡೆ, ಇಳಿಯಲು ಒಂದೇ ಕಡೆ ಕಲ್ಲಿನ ಮೆಟ್ಟಿಲು. ತಳದಲ್ಲಿ ಕಪ್ಪು ನೀರು, ನೀರಿನ ನಡುವೆ ಆಳೆತ್ತರದ ಒಂಟಿಕಲ್ಲು. ಆ ಕಲ್ಲೇ ಮೂಕವ್ವ, ಜಾಗದ ಹೆಸರು ಮೂಕಮಡು. ಅಲ್ಲಿ ಹಕ್ಕಿ ಕೂಗುವುದಿಲ್ಲ, ಕಪ್ಪೆ ವಟಗುಟ್ಟುವುದಿಲ್ಲ.

ಸೀಮೆಯ ದೊಡ್ಡ ಆಣೆಗಳೆಲ್ಲ ನಡೆಯುವುದು ಇಲ್ಲೇ. ಗಡಿ ತಕರಾರು, ಕೊಲೆ ಆಪಾದನೆ, ಪಟ್ಟ ಯಾರಿಗೆ ಅನ್ನುವ ಜಗಳ, ಏನೇ ಇದ್ದರೂ ಎರಡೂ ಕಡೆಯವರು ಮೆಟ್ಟಿಲಿಳಿದು ಕಲ್ಲಿನ ಮುಂದೆ ತಮ್ಮ ಮಾತು ಹೇಳಿ ಬರಬೇಕು. ಸುಳ್ಳು ಹೇಳಿದವರು ಮೇಲೆ ಬರುವುದಿಲ್ಲ. ಕಾವಲರು ಅನ್ನುವ ಪೂಜಾರಿಗಳು ಮಾತ್ರ ಧೈರ್ಯವಾಗಿ ಇಳಿದು ಹತ್ತುತ್ತಾರೆ. ಇದರ ಜೊತೆಗೆ ಎಷ್ಟೋ ತಲೆಮಾರಿಗೊಮ್ಮೆ ಮೂಕವ್ವ ‘ಉಸಿರು ಬಿಡುತ್ತಾಳೆ’. ಆ ರಾತ್ರಿ ಕಣಿವೆಯ ಕೆಳಗಿನ ಊರಿಗೆ ಊರೇ ಸತ್ತುಬಿದ್ದಿರುತ್ತದೆ, ಯಾರ ಮೈಮೇಲೂ ಒಂದು ಗಾಯ ಇಲ್ಲದೆ.

ಬರೆಯುವಾಗ ನನಗೇ ಮೈ ಜುಮ್ಮೆಂದಿತ್ತು. ಆಟದ ಮೇಜಿನ ಮೇಲೆ ಎಲ್ಲ ಕೆಟ್ಟಿತು.

ನನ್ನ ಆಟಗಾರರು ಯಾವುದನ್ನೂ ಸುಮ್ಮನೆ ನಂಬುವವರಲ್ಲ. ಕಥೆ ಕೇಳಿದ್ದೇ ತಡ, ಒಂದು ಮೇಕೆಗೆ ಹಗ್ಗ ಕಟ್ಟಿ ಮೆಟ್ಟಿಲ ಮೇಲೆ ಇಳಿಬಿಟ್ಟರು. ಆ ಗಳಿಗೆಗೆ ತೋಚಿದಂತೆ ‘ಮೇಕೆ ಸತ್ತಿತು’ ಅಂದೆ. ಕಳ್ಳಿಯ ಪಾತ್ರ ಮಾಡುವವಳು ತಲೆಯೆತ್ತಿ, ‘ಮೇಕೆ ಏನು ಸುಳ್ಳು ಹೇಳಿತ್ತು?’ ಅಂತ ಕೇಳಿದಳು. ಎಲ್ಲರೂ ಬಿದ್ದು ಬಿದ್ದು ನಕ್ಕರು, ನಾನೂ ನಕ್ಕೆ. ಆದರೆ ಅಲ್ಲಿಂದ ಮುಂದೆ ಮೂಕವ್ವ ಅಂದರೆ ಯಾರಿಗೂ ಹೆದರಿಕೆಯಿಲ್ಲ, ಅವಳೊಂದು ತಮಾಷೆ. ಆಟ ಅಲ್ಲಿಗೆ ನಿಲ್ಲಿಸಿದ್ದೇನೆ, ಗುಂಪು ಇನ್ನೂ ಮೇಲಿನ ಮೆಟ್ಟಿಲ ಮೇಲೇ ಕೂತಿದೆ.

ಕೇಳಬೇಕಾದ್ದು ಇಷ್ಟು. ಇಂಥ ಜಾಗಕ್ಕೆ ಒಳಗೊಂದು ಗಟ್ಟಿ ನಿಯಮ ಇರಬೇಕಾ, ಅಥವಾ ‘ದೇವಿಯ ಇಚ್ಛೆ’ ಅಂತ ಬಿಟ್ಟುಬಿಡಬೇಕಾ? ನಿಯಮ ಇಟ್ಟರೆ ಆಟಗಾರರು ಅದನ್ನು ಬಿಡಿಸಿ, ಗೆದ್ದು, ಕಲ್ಲಿಗೆ ಒರಗಿ ಕೂರುತ್ತಾರೆ. ಇಡದಿದ್ದರೆ ಮೇಕೆಯ ಪ್ರಶ್ನೆಗೆ ನನ್ನ ಹತ್ತಿರ ಉತ್ತರ ಇಲ್ಲ.

ಗಂಧಕಪ್ರಿಯ:

ನಿಮ್ಮ ಮೇಕೆ ಸತ್ತಿದ್ದು ನೂರಕ್ಕೆ ನೂರು ಸರಿ. ಅದನ್ನು ವಾಪಸ್ ತೆಗೆದುಕೊಳ್ಳಬೇಡಿ. ಆ ಮೇಕೆಯ ಕಾಲು ಹಿಡಿದು ಎಳೆದರೆ ನಿಮ್ಮ ಇಡೀ ಕ್ಷೇತ್ರ ಹೊರಗೆ ಬರುತ್ತದೆ.

ಟರ್ಕಿಯ ಪಾಮುಕ್ಕಲೆ ಪಕ್ಕದಲ್ಲಿ ಹಿಯರಾಪೊಲಿಸ್ ಅನ್ನುವ ಪ್ರಾಚೀನ ನಗರದ ಅವಶೇಷ ಇದೆ. ಅಲ್ಲಿ ಪಾತಾಳದ ದೇವರಾದ ಪ್ಲೂಟೊನ ಹೆಸರಿನಲ್ಲಿ ಒಂದು ಗುಹೆಬಾಯಿ ಇತ್ತು. ಸುಮಾರು 2000 ವರ್ಷದ ಹಿಂದೆ ಗ್ರೀಕ್ ಭೂಗೋಳಕಾರ ಸ್ಟ್ರಾಬೊ ಅದನ್ನು ನೋಡಿ ಬರೆದಿಟ್ಟಿದ್ದಾನೆ. ಒಳಗೆ ನಡೆಸಿದ ಹೋರಿಗಳು ಬಿದ್ದು ಸಾಯುತ್ತವೆ. ತಾನೇ ಗುಬ್ಬಚ್ಚಿಗಳನ್ನು ಒಳಗೆಸೆದೆ, ಅವು ಕೂಡಲೇ ಪ್ರಾಣಬಿಟ್ಟವು ಅನ್ನುತ್ತಾನೆ. ಆದರೆ ಸಿಬೆಲೆ ದೇವಿಯ ನಪುಂಸಕ ಪೂಜಾರಿಗಳು ಒಳಹೊಕ್ಕು ಜೀವಂತ ಹೊರಬರುತ್ತಿದ್ದರು. ಅವರು ಆದಷ್ಟು ಉಸಿರು ಬಿಗಿಹಿಡಿಯುತ್ತಿದ್ದರು, ಮುಖ ನೋಡಿದರೆ ಉಸಿರುಗಟ್ಟಿದಂತೆ ಕಾಣುತ್ತಿತ್ತು ಅಂತಲೂ ಸೇರಿಸಿದ್ದಾನೆ. ನಿಮ್ಮ ಕಾವಲರು ಇವರೇ.

ಒಳಗಿದ್ದದ್ದು ಇಂಗಾಲದ ಡೈಆಕ್ಸೈಡ್, ನೆಲದ ಬಿರುಕಿನಿಂದ ಮೇಲೆ ಬರುವುದು. 2018ರಲ್ಲಿ ಪ್ರಕಟವಾದ ಅಳತೆಯ ಪ್ರಕಾರ ಗುಹೆಯೊಳಗೆ ಅದು ಶೇ. 91ರವರೆಗೂ ಇದೆ, ಇವತ್ತಿಗೂ. ಈ ಅನಿಲಕ್ಕೆ ಬಣ್ಣ ಇಲ್ಲ, ಗಾಳಿಗಿಂತ ಸುಮಾರು ಒಂದೂವರೆ ಪಟ್ಟು ತೂಕ. ಹಾಗಾಗಿ ಹಳ್ಳದಲ್ಲಿ ನೀರಿನ ಹಾಗೆ ತುಂಬಿ ನಿಲ್ಲುತ್ತದೆ. ಬಿಸಿಲು ಮತ್ತು ಗಾಳಿ ಬಂದರೆ ಕದಡಿ ಚದುರುತ್ತದೆ. ರಾತ್ರಿಯೆಲ್ಲ ಶೇಖರವಾಗಿ, ಸೂರ್ಯ ಹುಟ್ಟುವ ಮುಂಚೆ ಅದರ ಮಟ್ಟ ಎಲ್ಲಕ್ಕಿಂತ ಮೇಲಿರುತ್ತದೆ. ಉಸಿರಾಡುವ ಗಾಳಿಯಲ್ಲಿ ಶೇ. 10 ಇದ್ದರೆ ಕೆಲವು ನಿಮಿಷದಲ್ಲಿ ಪ್ರಜ್ಞೆ ಹೋಗುತ್ತದೆ. ಶೇ. 30 ಇದ್ದರೆ ಕೆಲವು ಉಸಿರಿನಲ್ಲೇ.

ಈಗ ಮೇಕೆಗೆ ಬನ್ನಿ. ಅದರ ಮೂಗು ನಿಮ್ಮ ತೊಡೆಯ ಮಟ್ಟದಲ್ಲಿ. ನಿಂತ ಮನುಷ್ಯನ ಮೂಗು ಅದಕ್ಕಿಂತ ಬಹಳ ಮೇಲೆ. ಅನಿಲ ಸೊಂಟದವರೆಗೆ ಇದ್ದ ಹೊತ್ತಿನಲ್ಲಿ ಮೇಕೆ ಸಾಯುತ್ತದೆ, ಹಗ್ಗ ಹಿಡಿದು ಪಕ್ಕದಲ್ಲಿ ನಿಂತವನಿಗೆ ಏನೂ ಆಗುವುದಿಲ್ಲ. ಅದೇ ಮನುಷ್ಯ ಮೊಣಕಾಲೂರಿ ತಲೆ ಬಾಗಿಸಿದರೆ ಮುಗಿಯಿತು.

ಇಲ್ಲಿಂದ ಕ್ಷೇತ್ರದ ಆಚಾರಗಳು ತಾವೇ ಹುಟ್ಟುತ್ತವೆ ನೋಡಿ. ನಿಮ್ಮ ಲೋಕದಲ್ಲಿ ಎದ್ದು ನಿಂತೇ ನಮಸ್ಕರಿಸಬೇಕಾದ ದೇವರು ಮೂಕವ್ವ ಒಬ್ಬಳೇ. ಅವಳ ಮುಂದೆ ಬಾಗಿದವನನ್ನು ಅವಳು ಇಟ್ಟುಕೊಳ್ಳುತ್ತಾಳೆ. ಬಿಸಿಲು ಕಲ್ಲಿನ ಮೇಲೆ ಬೀಳುವ ಮುಂಚೆ ಯಾರೂ ಇಳಿಯಬಾರದು. ಎಲೆ ಅಲುಗದ ದಿನ ಬಾಗಿಲು ಮುಚ್ಚಿರುತ್ತದೆ. ಮಗುವನ್ನು ಸೊಂಟದ ಮೇಲಲ್ಲ, ಹೆಗಲ ಮೇಲೆ ಕೂರಿಸಿಕೊಂಡು ಇಳಿಯಬೇಕು. ಕಾವಲನ ಕೈಯಲ್ಲಿ ಉದ್ದ ಸರಪಳಿ, ಅದರ ತುದಿಗೆ ಮೊಣಕಾಲ ಮಟ್ಟದಲ್ಲಿ ತೂಗುವ ದೀಪ. ದೀಪ ಆರಿದ ಮೆಟ್ಟಿಲಿನಿಂದ ಕೆಳಗೆ ಇವತ್ತು ಮೂಕವ್ವನ ಮನೆ. ಇನ್ನೊಂದು: ಉರಿ ಆರುವ ಮಟ್ಟವೂ ಮನುಷ್ಯ ಬೀಳುವ ಮಟ್ಟವೂ ಒಂದೇ ಅಲ್ಲ. ದೀಪ ಸಣ್ಣಗೆ ಉರಿಯುತ್ತಿರುವಾಗಲೇ ತಲೆ ಸುತ್ತಬಹುದು. ದೀಪವನ್ನೇ ನಂಬಿ ಇಳಿದ ಆಟಗಾರನಿಗೆ ಅದು ಒಳ್ಳೆಯ ಪಾಠ.

ಆಣೆ ಸುಳ್ಳೋ ನಿಜವೋ ಅನ್ನುವುದು? ಅದನ್ನು ತೀರ್ಮಾನಿಸುವವನು ಹೊತ್ತು ಗೊತ್ತುಮಾಡುವ ಕಾವಲ. ‘ನೀನು ಮಟಮಟ ಮಧ್ಯಾಹ್ನ ಇಳಿ, ನೀನು ಮುಂಜಾವಿಗೆ ಇಳಿ.’ ಅಷ್ಟೇ.

ಇನ್ನೂ ಖಾರ ಬೇಕಾದರೆ ಸ್ವಲ್ಪ ಹೈಡ್ರೋಜನ್ ಸಲ್ಫೈಡ್ ಬೆರೆಸಿ. ಕೊಳೆತ ಮೊಟ್ಟೆಯ ವಾಸನೆ. ಆದರೆ ಹತ್ತು ಲಕ್ಷ ಪಾಲಿನಲ್ಲಿ ನೂರು ಪಾಲಿನ ಆಸುಪಾಸಿಗೆ ಬಂದರೆ ಮೂಗು ಅದನ್ನು ಗ್ರಹಿಸುವುದನ್ನೇ ಬಿಡುತ್ತದೆ. ಭಕ್ತ ಇಳಿಯುತ್ತಾನೆ, ನಾತ ಹೊಡೆಯುತ್ತದೆ, ಇನ್ನಷ್ಟು ಇಳಿಯುತ್ತಾನೆ, ಇದ್ದಕ್ಕಿದ್ದಂತೆ ನಾತ ಇಲ್ಲ. ದೇವಿ ಒಪ್ಪಿದಳು ಅಂದುಕೊಂಡು ಇನ್ನೆರಡು ಮೆಟ್ಟಿಲು ಇಳಿಯುತ್ತಾನೆ.

ಕತ್ತಲಕೋಣೆ:

ನನಗೆ ಈ ಗ್ಯಾಸ್ ಪರಿಹಾರ ಒಗ್ಗಲಿಲ್ಲ.

ಗಂಧಕಪ್ರಿಯರು ಹೇಳಿದ್ದು ಸುಳ್ಳಲ್ಲ. ಆದರೆ ಪ್ರಾಚೀನ ಗ್ರೀಸಿನ ಡೆಲ್ಫಿಯ ಕಥೆ ನೆನಪಿಸಿಕೊಳ್ಳಿ, ಗುಡಿಯಲ್ಲಿ ಕೂತ ಪೈಥಿಯಾ ಅನ್ನುವ ಹೆಂಗಸು ದೇವರ ಮಾತು ನುಡಿಯುತ್ತಿದ್ದ ಜಾಗ. ಅಲ್ಲಿನ ಪೂಜಾರಿಯೇ ಆಗಿದ್ದ ಪ್ಲೂಟಾರ್ಕ್, ಗರ್ಭಗುಡಿಯ ಕಡೆಯಿಂದ ಕೆಲವೊಮ್ಮೆ ಸುವಾಸನೆ ತೇಲಿಬರುತ್ತಿತ್ತು ಅಂತ ಬರೆದಿದ್ದಾನೆ. ಈಚೆಗೆ ಕೆಲವು ಭೂವಿಜ್ಞಾನಿಗಳು ಅದು ಬಂಡೆಯ ಬಿರುಕಿನಿಂದ ಬಂದ ಎಥಿಲೀನ್ ಅನ್ನುವ ಅಮಲಿನ ಅನಿಲ ಇರಬಹುದು ಅಂದರು, ಬೇರೆಯವರು ಒಪ್ಪಲಿಲ್ಲ, ಜಗಳ ಇನ್ನೂ ಮುಗಿದಿಲ್ಲ. ಎಥಿಲೀನೇ ಅಂತ ಇಟ್ಟುಕೊಳ್ಳೋಣ. ರಾಜರು ಸಮುದ್ರ ದಾಟಿ ಬಂದು ಯುದ್ಧಕ್ಕೆ ಹೋಗಲೋ ಬೇಡವೋ ಅಂತ ಆ ಹೆಂಗಸನ್ನೇ ಏಕೆ ಕೇಳಿದರು? ಅದಕ್ಕೆ ಎಥಿಲೀನ್ ಉತ್ತರ ಕೊಡುವುದಿಲ್ಲ. ಕ್ಷೇತ್ರ ಆಗುವುದು ಆ ಪ್ರಶ್ನೆಯಿಂದ.

ನಿಮ್ಮ ಮೂಕಮಡುವಿನಲ್ಲಿ ನನಗೆ ಬೇಕಾದದ್ದು ಹೀಗಿರುವ ಒಬ್ಬ ಹೆಂಗಸು: ಅವಳ ಗಂಡ ಗಡಿ ತಕರಾರಿನ ಆಣೆಗೆ ಇಳಿದು ಸತ್ತಿದ್ದಾನೆ. ಅವನು ಸುಳ್ಳು ಹೇಳಲಿಲ್ಲ ಅಂತ ಅವಳಿಗೆ ಗೊತ್ತು, ಏಕೆಂದರೆ ಆ ಗಡಿಕಲ್ಲನ್ನು ರಾತ್ರಿ ಸರಿಸಿದವಳು ಅವಳೇ, ಗಂಡನಿಗೆ ತಿಳಿಯದಂತೆ. ಈಗ ಅವಳು ಮೂಕವ್ವನನ್ನು ನಂಬಬೇಕಾ ಬೇಡವಾ? ನಂಬಿದರೆ ದೇವಿ ತಪ್ಪು ಮಾಡಿದಳು. ನಂಬದಿದ್ದರೆ ಊರೆಲ್ಲ ‘ಸುಳ್ಳುಗಾರನ ಹೆಂಡತಿ’ ಅಂತ ಕರೆಯುವಾಗ ಅವಳು ಏನಂತ ಬಾಯಿಬಿಡಬೇಕು? ಇವಳನ್ನು ಮೆಟ್ಟಿಲ ಮೇಲೆ ನಿಮ್ಮ ಗುಂಪಿನ ಪಕ್ಕ ತಂದು ಕೂರಿಸಿ. ಮೇಕೆಯ ಜೋಕು ಮಾಡಿದವಳು ಇವಳ ಎದುರು ಇನ್ನೊಮ್ಮೆ ಮಾಡಲಿ ನೋಡೋಣ.

ಇನ್ನೊಂದು ಮಾತು. ಅನಿಲ ಅಂತ ನೀವು ತೀರ್ಮಾನಿಸಿದರೂ ಅದಕ್ಕೆ ದಕ್ಕದ ಒಂದು ಸಂಗತಿ ಉಳಿಸಿಕೊಳ್ಳಿ, ಒಂದೇ ಒಂದು. ಇಳಿದು ಬಂದವರೆಲ್ಲ ಕೆಳಗೆ ತಮಗೊಂದು ಪ್ರಶ್ನೆ ಕೇಳಿಸಿತು ಅನ್ನುತ್ತಾರೆ, ಏನು ಪ್ರಶ್ನೆ ಅಂತ ಯಾರೂ ಹೇಳುವುದಿಲ್ಲ. ಅದನ್ನು ವಿವರಿಸಲು ಹೋಗಬೇಡಿ. ನಿಮಗೂ ಉತ್ತರ ಗೊತ್ತಿರದಿದ್ದರೆ ಇನ್ನೂ ಒಳ್ಳೆಯದು.

ಮೂರನೇಮಹಡಿ:

ಅಯ್ಯೋ ಮಾರಾಯ್ರೆ, ನೀವಿಬ್ಬರೂ ಹಳ್ಳದ ಒಳಗೇ ಇದ್ದೀರಿ. ಮೇಲೆ ಊರು ಉಂಟಲ್ಲ, ಅದನ್ನು ನೋಡಿದ್ದೀರಾ?

ಭಾರದ ಅನಿಲ ಅಂತ ಒಪ್ಪಿಕೊಂಡರೆ ಆ ಸೀಮೆಯಲ್ಲಿ ಎತ್ತರ ಅಂದರೆ ಬದುಕು. ಹಾಗಾದರೆ ಕಾವಲರನ್ನು ಆರಿಸುವುದು ಹೇಗೆ? ವಂಶದಿಂದ ಅಲ್ಲ, ಮಂತ್ರದಿಂದಲೂ ಅಲ್ಲ, ಉದ್ದದಿಂದ. ಗುಡಿಯ ಬಾಗಿಲಲ್ಲಿ ಕಂಬದ ಮೇಲೆ ಒಂದು ಗೆರೆ ಉಂಟು, ಪ್ರಾಯಕ್ಕೆ ಬಂದ ಹುಡುಗ ಹುಡುಗಿಯರ ನೆತ್ತಿ ಆ ಗೆರೆ ಮುಟ್ಟಬೇಕು. ಮುಟ್ಟದವರು ಕಾವಲರ ಮಕ್ಕಳಾದರೂ ಕಸ ಗುಡಿಸಲಿಕ್ಕೆ ಹೋಗಬೇಕು. ವಯಸ್ಸಾಗಿ ಬೆನ್ನು ಬಾಗಿದ ಕಾವಲನಿಗೆ ಒಂದು ದಿನ ‘ಇನ್ನು ಇಳಿಯಬೇಡ’ ಅಂತ ಹೇಳುತ್ತಾರೆ, ಅವನಿಗೆ ಅದು ಮರಣಕ್ಕಿಂತ ಅವಮಾನ. ಅಂಥ ಒಬ್ಬ ಮುದುಕ ಕದ್ದು ಇಳಿಯುವುದನ್ನು ನಾನಾದರೆ ಆಟಕ್ಕೆ ತರುತ್ತಿದ್ದೆ.

ಕೆಳಗಿನ ಊರಿನ ಮನೆಗಳನ್ನೂ ನೋಡಿ. ಉಳ್ಳವರು ಅಟ್ಟದ ಮೇಲೆ ಮಲಗುತ್ತಾರೆ, ಆಳುಗಳು ನೆಲದ ಮೇಲೆ. ನಾಯಿ ಸಾಕುವವರಿಲ್ಲ, ಸಾಕಿದರೂ ಉಳಿಯುವುದಿಲ್ಲ. ಉಸಿರು ಬಿಟ್ಟ ರಾತ್ರಿ ಅಟ್ಟದವರಲ್ಲಿ ಕೆಲವರು ಬದುಕಿದ್ದರು, ಅವರ ಮೊಮ್ಮಕ್ಕಳು ಇವತ್ತು ‘ದೇವಿ ಆರಿಸಿಕೊಂಡ ಮನೆತನ’ ಅಂತ ಮೀಸೆ ತಿರುವುತ್ತಾರೆ. ನಿಮ್ಮ ಪಟ್ಟದ ಜಗಳದ ಬೇರು ಇಲ್ಲೇ ಉಂಟು.

ಇನ್ನು ನಿಯಮ ಗೊತ್ತಿದ್ದೂ ಕಾರಣ ಮರೆತಿರುವ ಜನರ ಬಗ್ಗೆ. ಇಂಡೊನೇಷ್ಯಾದ ಸಿಮೆಲುವೆ ದ್ವೀಪದಲ್ಲಿ 1907ರಲ್ಲಿ ಸುನಾಮಿ ಬಂದು ತುಂಬ ಜನ ಸತ್ತರು. ಅದನ್ನು ಅವರು ‘ಸ್ಮೊಂಗ್’ ಅಂತ ಕಥೆಯಲ್ಲಿ, ಜೋಗುಳದಲ್ಲಿ ಉಳಿಸಿಕೊಂಡರು. ನೆಲ ನಡುಗಿ ಕಡಲು ಹಿಂದೆ ಸರಿದರೆ ಗುಡ್ಡಕ್ಕೆ ಓಡು, ಅಷ್ಟೇ. 2004ರ ಡಿಸೆಂಬರ್ 26ರಂದು ದೊಡ್ಡ ಅಲೆ ಬಂದಾಗ ಸುಮಾರು 78,000 ಜನರ ಆ ದ್ವೀಪದಲ್ಲಿ ಸತ್ತದ್ದು 7 ಜನ. ಜೋಗುಳ ಕೆಲಸ ಮಾಡಿತು.

ಇದರ ಉಲ್ಟಾ ದಿಕ್ಕಿನಲ್ಲೂ ಆಲೋಚನೆ ಮಾಡಿದವರು ಇದ್ದಾರೆ. ಅಣುತ್ಯಾಜ್ಯವನ್ನು ಹೂತಿಟ್ಟ ಜಾಗಕ್ಕೆ ಹತ್ತು ಸಾವಿರ ವರ್ಷದ ನಂತರವೂ ಯಾರೂ ಹೋಗದ ಹಾಗೆ ಮಾಡುವುದು ಹೇಗೆ ಅಂತ 1980ರ ದಶಕದಲ್ಲಿ ಕೇಳಿದಾಗ, ಥಾಮಸ್ ಸೆಬಿಯಾಕ್ ಅನ್ನುವ ಭಾಷಾವಿದ್ವಾಂಸ ‘ಅಣು ಪುರೋಹಿತರು’ ಬೇಕು ಅಂದ. ನಿಜ ಗೊತ್ತಿರುವ ಸಣ್ಣ ಗುಂಪೊಂದು ತಲೆಮಾರಿನಿಂದ ತಲೆಮಾರಿಗೆ ಮುಂದುವರಿಯಬೇಕು, ಉಳಿದವರಿಗೆ ಪುರಾಣ, ಆಚಾರ, ಹೆದರಿಕೆ ಸಾಕು ಅಂತ. ಇನ್ನಿಬ್ಬರು, ಬಾಸ್ಟಿಡ್ ಮತ್ತು ಫಾಬ್ರಿ, ವಿಕಿರಣ ತಾಗಿದರೆ ಮೈಬಣ್ಣ ಬದಲಾಗುವ ಬೆಕ್ಕುಗಳನ್ನು ಸಾಕಿ, ಅವುಗಳ ಬಗ್ಗೆ ಹಾಡು ಕಟ್ಟೋಣ ಅಂದರು. ತಮಾಷೆ ಅಲ್ಲ, ಗಂಭೀರವಾಗಿಯೇ ಅಂದದ್ದು.

ನನ್ನ ಪ್ರಶ್ನೆ ಏನೆಂದರೆ, ಆ ಗುಂಪಿಗೇ ನಿಜ ಮರೆತುಹೋದರೆ? ನಿಮ್ಮ ಕಾವಲರು ಈಗ ಅಲ್ಲಿ ಇದ್ದಾರೆ ಅಂತ ಇಟ್ಟುಕೊಳ್ಳಿ. ಗಂಧಕಪ್ರಿಯರು ಹೇಳಿದ ಆಚಾರಗಳ ಜೊತೆಗೆ ಪೂರ್ತಿ ಅರ್ಥವಿಲ್ಲದ ಎರಡು ಮೂರು ಸೇರಿಸಿ. ಎಡಗಾಲು ಮೊದಲು ಇಡಬೇಕು. ಕೆಂಪು ಉಡಬಾರದು. ಯಾವುದು ಜೀವ ಉಳಿಸುವುದು, ಯಾವುದು ಬರೀ ಅಭ್ಯಾಸ ಅಂತ ಕಾವಲರಿಗೇ ಗೊತ್ತಿಲ್ಲ, ಹಾಗಾಗಿ ಒಂದನ್ನೂ ಬಿಡಲಿಕ್ಕೆ ಧೈರ್ಯ ಇಲ್ಲ. ನಿಮ್ಮ ಆಟಗಾರರು ಒಂದೊಂದನ್ನೇ ಮುರಿದು ನೋಡಲಿ. ಮುರಿದದ್ದು ಎಡಗಾಲಿನದ್ದಾದರೆ ನಗು, ಬಾಗುವುದರದ್ದಾದರೆ ಹೆಣ.

ಹಳೇನಕ್ಷೆ:

ಕಂಬದ ಮೇಲಿನ ಗೆರೆ ಆಗಲೇ ನನ್ನ ಪುಸ್ತಕಕ್ಕೆ ಸೇರಿತು. ಬೆನ್ನು ಬಾಗಿದ ಮುದುಕನೂ ಸೇರಿದ. ಕತ್ತಲಕೋಣೆಯವರೇ, ಆ ಹೆಂಗಸನ್ನು ಕೊಟ್ಟಿದ್ದಕ್ಕೆ ನಿಮಗೊಂದು ದೊಡ್ಡ ನಮಸ್ಕಾರ. ಎದ್ದು ನಿಂತೇ.

ಒಂದು ತೊಡಕು ಉಳಿದಿದೆ. ಗುಂಪಿನ ಮಾಂತ್ರಿಕನಿಗೆ ಸುಳಿಗಾಳಿ ಎಬ್ಬಿಸುವ ಮಂತ್ರ ಗೊತ್ತು. ವಿಷಗಾಳಿ ಅಂತ ಸುಳಿವು ಸಿಕ್ಕ ಕೂಡಲೇ ಅವನು ಎದ್ದುನಿಂತು ಹಳ್ಳವನ್ನೆಲ್ಲ ಗುಡಿಸಿ ಸ್ವಚ್ಛ ಮಾಡುತ್ತಾನೆ. ಮಂತ್ರ ನಡೆಯುವುದಿಲ್ಲ ಅಂತ ನಾನು ಸುಮ್ಮನೆ ಅಡ್ಡಗಾಲು ಹಾಕಿದರೆ ಮತ್ತೆ ಮೇಕೆಯ ಕಥೆಯೇ ಆಗುತ್ತದೆ.

ಗಂಧಕಪ್ರಿಯ:

ಮಾಡಲಿ ಬಿಡಿ. ಮಂತ್ರ ಚೆನ್ನಾಗಿಯೇ ನಡೆಯಲಿ. ಹಳ್ಳ ಖಾಲಿಯಾಗಲಿ, ಇಳಿಯಲಿ, ಕಲ್ಲನ್ನು ಮುಟ್ಟಲಿ. ಆಮೇಲೆ ಅವನು ಆ ಗಾಳಿಯನ್ನು ನೀರಿನ ಮೇಲೂ ಬಿಡುತ್ತಾನಲ್ಲ, ಅಲ್ಲಿ ಹಿಡಿಯಿರಿ.

ನಿಮ್ಮ ‘ಉಸಿರು ಬಿಡುವ’ ರಾತ್ರಿಗೆ ನಾನು ಮೊದಲ ಸಲ ಉತ್ತರ ಕೊಡಲೇ ಇಲ್ಲ. ಆಫ್ರಿಕಾದ ಕ್ಯಾಮರೂನ್ ದೇಶದಲ್ಲಿ ನ್ಯೋಸ್ ಅನ್ನುವ ಸರೋವರ ಇದೆ, ಹಳೆಯ ಜ್ವಾಲಾಮುಖಿಯ ಬಾಯಲ್ಲಿ, 200 ಮೀಟರಿಗಿಂತ ಹೆಚ್ಚು ಆಳ. ಕೆಳಗಿನಿಂದ ಇಂಗಾಲದ ಡೈಆಕ್ಸೈಡ್ ಬಂದು ತಳದ ನೀರಿನಲ್ಲಿ ಕರಗುತ್ತಾ ಹೋಗುತ್ತದೆ. ಮೇಲಿನ ನೀರಿನ ಒತ್ತಡಕ್ಕೆ ಅದು ಅಲ್ಲೇ ಅದುಮಿಕೊಂಡಿರುತ್ತದೆ. ಏನೋ ಒಂದು ಕಾರಣಕ್ಕೆ ತಳದ ನೀರು ಸ್ವಲ್ಪ ಮೇಲೆ ಬಂದರೆ ಒತ್ತಡ ಇಳಿದು ಗುಳ್ಳೆ ಏಳುತ್ತದೆ, ಗುಳ್ಳೆಗಳು ಇನ್ನಷ್ಟು ನೀರನ್ನು ಎಳೆದು ತರುತ್ತವೆ, ಅಲ್ಲಿಂದ ಮುಂದೆ ಕುಲುಕಿದ ಸೋಡಾ ಬಾಟಲಿಯ ಬಿರಡೆ ಕಿತ್ತ ಹಾಗೆ. 1986ರ ಆಗಸ್ಟ್ 21ರ ರಾತ್ರಿ ಅದೇ ಆಯಿತು. ಅನಿಲ ಬಾಯಿ ದಾಟಿ ಕಣಿವೆಗುಂಟ ಹರಿಯಿತು. ಸುಮಾರು 25 ಕಿಲೋಮೀಟರ್ ದೂರದವರೆಗಿನ ಹಳ್ಳಿಗಳಲ್ಲಿ 1,700ಕ್ಕೂ ಹೆಚ್ಚು ಜನ ಸತ್ತರು, ಸಾವಿರಾರು ದನಕರುಗಳೂ. ಬದುಕಿದವರಲ್ಲಿ ಎಷ್ಟೋ ಜನ ತಾಸುಗಟ್ಟಲೆ ಪ್ರಜ್ಞೆ ತಪ್ಪಿ ಬಿದ್ದಿದ್ದು ಎದ್ದಾಗ ಮನೆಯವರೆಲ್ಲ ಹೆಣವಾಗಿದ್ದರು. ನೀಲಿಯಾಗಿದ್ದ ಸರೋವರ ಮಾರನೇ ದಿನ ಕೆಂಪಾಗಿತ್ತು, ತಳದ ಕಬ್ಬಿಣದ ಅಂಶ ಮೇಲೆ ಬಂದು ಗಾಳಿ ತಾಗಿ. ಮೂರನೇಮಹಡಿಯವರ ‘ಕೆಂಪು ಉಡಬಾರದು’ ಅನ್ನುವುದನ್ನು ಬರೀ ಅಭ್ಯಾಸದ ಪಟ್ಟಿಯಿಂದ ತೆಗೆದುಬಿಡಿ, ಅದಕ್ಕೂ ಒಂದು ಬೇರು ಸಿಕ್ಕಿತು.

ಹಾಗಾಗಿ ನಿಮ್ಮ ಮಡು ಅಗಲ ಕಡಿಮೆ ಇದ್ದರೂ ಆಳ ಭಯಂಕರ ಇರಬೇಕು. ಹಗ್ಗ ಇಳಿಬಿಟ್ಟರೆ ತಳ ಸಿಗಬಾರದು. ಮಾಂತ್ರಿಕ ಮೇಲ್ಮೈಯನ್ನು ಕೆದಕಿದ್ದಕ್ಕೆಲ್ಲ ಮಡು ಮಗುಚಬೇಕಾಗಿಲ್ಲ, ಆದರೆ ಅವನು ಸುಳಿ ಎಬ್ಬಿಸಿ ತಳದವರೆಗೂ ಕಲಕಿದರೆ ಖಂಡಿತ. ಹಳ್ಳದ ಅಂಚಿನಲ್ಲಿ ನಿಂತವರು ಬದುಕಬಹುದು. ಸಾಯುವುದು ಕಣಿವೆಯ ಕೆಳಗೆ, ಗಾಢ ನಿದ್ದೆಯಲ್ಲಿರುವವರು. ನಿಯಮ ಗೊತ್ತಾದ ಮಾತ್ರಕ್ಕೆ ಗೆಲ್ಲಲು ಬರುವುದಿಲ್ಲ ಅನ್ನುವುದು ನಿಮ್ಮ ಮೊದಲ ಪ್ರಶ್ನೆಗೆ ನನ್ನ ಉತ್ತರ.

ಬಾಲದಂತೆ ಒಂದು ಸಂಗತಿ. ನ್ಯೋಸ್ ಸರೋವರಕ್ಕೆ 2001ರಲ್ಲಿ ತಳಮುಟ್ಟುವ ಉದ್ದನೆಯ ಕೊಳವೆ ಇಳಿಸಿದರು. ಮೊದಲು ಪಂಪ್ ಹಾಕಿ ಒಂದಿಷ್ಟು ನೀರು ಎತ್ತಬೇಕು. ಆಮೇಲೆ ಪಂಪ್ ನಿಲ್ಲಿಸಿದರೂ ಗುಳ್ಳೆಗಳ ಬಲಕ್ಕೆ ನೀರು ತಾನೇ ಚಿಮ್ಮುತ್ತಿರುತ್ತದೆ, ಹತ್ತಾರು ಮೀಟರ್ ಎತ್ತರಕ್ಕೆ. ಅನಿಲ ಸ್ವಲ್ಪ ಸ್ವಲ್ಪವಾಗಿ ಹೊರಹೋಗಿ ಹಗುರವಾಗುತ್ತದೆ.

ಹಳೇನಕ್ಷೆ:

ನಿಲ್ಲಿ ನಿಲ್ಲಿ. ನೀರಿನ ನಡುವೆ ನಿಂತ ಒಂಟಿಕಲ್ಲು!

ಅದು ಕಲ್ಲಲ್ಲ. ಟೊಳ್ಳು. ಹಳೆಯವರು ತಳದವರೆಗೆ ಇಳಿಸಿದ ಕೊಳವೆಯ ಬಾಯಿ. ಅವರ ಕಾಲದಲ್ಲಿ ಅದು ಹಗಲಿರುಳೂ ಚಿಮ್ಮುತ್ತಿತ್ತು, ಶಬ್ದ ಮಾಡುತ್ತಿತ್ತು. ಅಂದರೆ ಅವ್ವ ಆಗ ಮೂಕಿಯಾಗಿರಲಿಲ್ಲ.

ಹಾಗಾದರೆ ಈಗ ಏಕೆ ನಿಂತಿದೆ?

ಮೂರನೇಮಹಡಿ:

ಅದನ್ನೂ ಕೇಳಬೇಕಾ? ಹರಕೆ!

ಆಣೆ ಮಾಡಿ ಜೀವಂತ ಬಂದವನು ಸುಮ್ಮನೆ ಬರುತ್ತಾನಾ? ಕಲ್ಲಿನ ನೆತ್ತಿಯಲ್ಲಿ ಒಂದು ತೂತು ಉಂಟು, ಅದಕ್ಕೆ ಏನಾದರೂ ಹಾಕಿ ಬರುತ್ತಾನೆ. ಉಂಗುರ, ನಾಣ್ಯ, ಮಗುವಿನ ಗೆಜ್ಜೆ, ಸೀಲು ಒತ್ತಿದ ಮಣ್ಣಿನ ಬಿಲ್ಲೆ. ನೂರಾರು ವರ್ಷದ ಹರಕೆ ಒಳಗೆ ಜಡಿದು ಕೂತಿದೆ. ಮೊದಲು ಧಾರೆ ಸಣ್ಣದಾಯಿತು, ಆಗ ಜನ ಹೆದರಿ ಇನ್ನೂ ಜಾಸ್ತಿ ಹಾಕಿದರು, ಇನ್ನೂ ಸಣ್ಣದಾಯಿತು. ಕಡೆಗೆ ಪೂರ್ತಿ ನಿಂತಿತು.

ಈಗ ನಿಮ್ಮ ಗುಂಪಿಗೆ ಮಾಡಲಿಕ್ಕೆ ಕೆಲಸ ಸಿಕ್ಕಿತು ನೋಡಿ. ಸೀಮೆ ಉಳಿಯಬೇಕಾದರೆ ದೇವಿಯ ಬಾಯಿಗೆ ಕೈಹಾಕಿ ಹರಕೆ ಕೀಳಬೇಕು. ಕಳ್ಳಿಯ ಪಾತ್ರದವಳಿಗಂತೂ ಹಬ್ಬ. ಆದರೆ ಕಾವಲರು ಬಿಡುತ್ತಾರಾ? ಅವರ ಕಣ್ಣಿಗೆ ಅದು ಗುಡಿ ಲೂಟಿ. ಕತ್ತಲಕೋಣೆಯವರ ಹೆಂಗಸಿನ ಗಂಡನ ಉಂಗುರವೂ ಒಳಗೆ ಇರಬಹುದು, ಅವನ ಅಪ್ಪ ಹಾಕಿದ್ದು. ಕೀಳಲಿಕ್ಕೆ ಎಷ್ಟು ಹೊತ್ತು ಬೇಕು, ಬಾಗದೆ ಕೀಳುವುದು ಹೇಗೆ, ಮಧ್ಯಾಹ್ನ ಮುಗಿಯುವುದರೊಳಗೆ ಆದೀತಾ ಅಂತ ಲೆಕ್ಕ ಹಾಕಲಿ. ಡೈಸ್ ಉರುಳಿಸುವ ಮೊದಲೇ ಬೆವರುತ್ತಾರೆ.

ಗಂಧಕಪ್ರಿಯ:

ಒಪ್ಪಿದೆ. ಒಂದೇ ಎಚ್ಚರಿಕೆ: ಕಿತ್ತ ಮಾತ್ರಕ್ಕೆ ಚಿಮ್ಮುವುದಿಲ್ಲ. ಮೊದಲ ನೀರನ್ನು ಯಾರಾದರೂ ಎತ್ತಲೇಬೇಕು. ನಿಮ್ಮ ಮಾಂತ್ರಿಕನ ಸುಳಿಗಾಳಿಗೆ ಅಲ್ಲೊಂದು ಯೋಗ್ಯ ಕೆಲಸ ಇದೆ, ಕೊಳವೆಯ ಒಳಗೆ ಮಾತ್ರ, ಹೊರಗೆ ಒಂದು ಅಲೆಯೂ ಏಳದಂತೆ. ಚಿಮ್ಮಲು ಶುರುವಾದರೆ ಆ ಅನಿಲ ಹಳ್ಳಕ್ಕೇ ಬೀಳುತ್ತದೆ. ಅಂದರೆ ಕೀಳುವವರು ಅಷ್ಟರಲ್ಲಿ ಮೆಟ್ಟಿಲು ಹತ್ತಿರಬೇಕು.

ಕತ್ತಲಕೋಣೆ:

ಕೊಳವೆ ಕಥೆ ನನಗೂ ಹಿಡಿಸಿತು, ಬೇಸರದಿಂದಲೇ ಒಪ್ಪುತ್ತೇನೆ. ಆದರೆ ನನ್ನ ಆ ಪ್ರಶ್ನೆಯನ್ನು ಮರೆಯಬೇಡಿ. ಕೆಳಗೆ ಇಳಿದವರಿಗೆಲ್ಲ ಕೇಳಿಸುವುದು. ಅದನ್ನು ಮಾತ್ರ ಅನಿಲದ ಅಮಲು ಅಂತ ಯಾರ ಬಾಯಲ್ಲೂ ಹೇಳಿಸಬೇಡಿ, ಕೊಳವೆ ಕೂಗಿದ ಶಬ್ದ ಅಂತಲೂ ಬೇಡ.

ಅಂದ ಹಾಗೆ, ತೂತಿಗೆ ಮೊದಲ ಹರಕೆ ಹಾಕಿದ್ದು ಯಾರು? ಧಾರೆ ರಭಸದಿಂದ ಚಿಮ್ಮುವಾಗ ಒಂದು ನಾಣ್ಯ ಒಳಗೆ ನಿಲ್ಲುವುದಿಲ್ಲ, ಆಚೆ ಎಸೆಯುತ್ತದೆ. ಯಾರೋ ಬೇಕೆಂದೇ ಗಟ್ಟಿಯಾಗಿ ಜಡಿದಿರಬೇಕು.

ಹಳೇನಕ್ಷೆ:

ಅದಕ್ಕೆ ಉತ್ತರ ಈಗಷ್ಟೇ ಹೊಳೆಯಿತು, ಆದರೆ ಇಲ್ಲಿ ಬರೆಯುವುದಿಲ್ಲ. ನಮ್ಮ ಮಾಂತ್ರಿಕ ನನ್ನ ಪೋಸ್ಟ್‌ಗಳನ್ನೆಲ್ಲ ಹುಡುಕಿ ಓದುವ ಆಸಾಮಿ. (ಓದುತ್ತಿದ್ದರೆ: ಭಾನುವಾರ ಬರುವಾಗ ಪಾತ್ರದ ಎತ್ತರ ಎಷ್ಟು ಅಂತ ಬರೆದುಕೊಂಡು ಬಾ. ನಿನ್ನ ಹಾಳೆಯಲ್ಲಿ ಆ ಜಾಗ ಇನ್ನೂ ಖಾಲಿ ಇದೆ.)